ಡಿಕ್ರಿ ಇನ್ನೊಬ್ಬರ ಮೇಲೆ, ಅಮೀನರು ಬಂದದ್ದು ನಿಮ್ಮ ಜಮೀನಿಗೆ: ಮೂರನೆಯವರು ತಕರಾರು ಹಾಕುವುದು ಹೇಗೆ

ನಿಮ್ಮ ಮೇಲೆ ಯಾರೂ ಕೇಸ್ ಹಾಕಿಲ್ಲ. ಸಮನ್ಸ್ ಬಂದಿಲ್ಲ. ಆದರೂ ಒಂದು ದಿನ ಕೋರ್ಟ್ ಅಮೀನರು ಸರ್ವೆಯರ್ ಜೊತೆ, ಕೆಲವೊಮ್ಮೆ ಪೊಲೀಸರ ಜೊತೆ, ನಿಮ್ಮ ಹೊಲದ ಬದುವಿಗೆ ಬಂದು ನಿಲ್ಲುತ್ತಾರೆ. "ಈ ಜಮೀನನ್ನು ಡಿಕ್ರಿದಾರರಿಗೆ ಬಿಡಿಸಿಕೊಡಲು ವಾರಂಟ್ ಇದೆ" ಎನ್ನುತ್ತಾರೆ. ಡಿಕ್ರಿ ಎಂದರೆ ದಾವೆಯಲ್ಲಿ ಕೋರ್ಟ್ ಕೊಟ್ಟ ತೀರ್ಮಾನ, ಅದನ್ನು ಗೆದ್ದವರು ಡಿಕ್ರಿದಾರರು. ವಾರಂಟಿನಲ್ಲಿರುವ ಹೆಸರು ನಿಮ್ಮದಲ್ಲ. ಸರ್ವೆ ನಂಬರ್ ಮಾತ್ರ ನಿಮ್ಮದೇ.

ಹೀಗಾಗುವುದು ಅಪರೂಪವೇನಲ್ಲ. ಅಣ್ಣತಮ್ಮಂದಿರು ಕೋರ್ಟಿಗೆ ಹೋಗುವ ಎಷ್ಟೋ ವರ್ಷ ಮೊದಲೇ ಅವರಲ್ಲೊಬ್ಬರಿಂದ ಕ್ರಯಕ್ಕೆ ತೆಗೆದುಕೊಂಡವರು ಇರುತ್ತಾರೆ. ಗೇಣಿಗೆ ಉಳುತ್ತಿದ್ದು ಭೂ ನ್ಯಾಯಮಂಡಳಿಯಿಂದ ಹಕ್ಕು ಪಡೆದ ಮನೆತನಗಳಿರುತ್ತವೆ. ದಾವೆಯಲ್ಲಿ ಹೆಸರೇ ಇಲ್ಲದ ಅಕ್ಕತಂಗಿಯರಿರುತ್ತಾರೆ. ಪೋಡಿಯಾಗದ (ತುಂಡುಗಳಾಗಿ ಅಳೆದು ಬೇರೆ ನಂಬರ್ ಕೊಡದ) ಸರ್ವೆ ನಂಬರಿನಲ್ಲಿ ಪಕ್ಕದ ತುಂಡಿನವರಿರುತ್ತಾರೆ. ಇವರೆಲ್ಲ ಕಾನೂನಿನ ಕಣ್ಣಿಗೆ ಮೂರನೆಯವರು. ಡಿಕ್ರಿ ಆ ದಾವೆಯ ಪಕ್ಷಗಾರರನ್ನೂ ಅವರ ಮೂಲಕ ಹಕ್ಕು ಹೇಳುವವರನ್ನೂ ಕಟ್ಟುತ್ತದೆ. ಸ್ವಂತ ಹಕ್ಕಿನ ಮೇಲೆ ಕೂತವರನ್ನು ಕಟ್ಟುವುದಿಲ್ಲ. ಅವರಿಗಾಗಿಯೇ ಸಿಪಿಸಿಯಲ್ಲಿ, ಅಂದರೆ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯಲ್ಲಿ, ಒಂದು ದಾರಿ ಇದೆ: ಆರ್ಡರ್ 21ರ ರೂಲ್ 97ರಿಂದ 106ರವರೆಗೆ.

ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಹಕ್ಕಿರುವವರೂ ಇಲ್ಲಿ ಸೋಲುತ್ತಾರೆ. ಕಾರಣ ಎರಡು: ತಪ್ಪು ಕೋರ್ಟಿಗೆ ಹೋಗುವುದು, ತಡವಾಗಿ ಹೋಗುವುದು. ಈ ಲೇಖನ ಓದಿ ನಿಮಗೆ ಅದೆರಡು ನೆನಪಿನಲ್ಲಿ ಉಳಿದರೂ ಸಾಕು.

ಮೊದಲ ಕೆಲಸ: ನೀವು ನಿಜಕ್ಕೂ ಮೂರನೆಯವರೇ ಎಂದು ನೋಡಿ

ಇದನ್ನು ಮನಸ್ಸು ಗಟ್ಟಿ ಮಾಡಿಕೊಂಡು ಕೇಳಿಕೊಳ್ಳಬೇಕು. ನಿಮ್ಮ ಹಕ್ಕು ಎಲ್ಲಿಂದ ಬಂತು? ಯಾವತ್ತು ಬಂತು?

ದಾವೆ ಹೂಡಿದ ತಾರೀಕು ಇಲ್ಲಿ ಗೆರೆ ಎಳೆದ ಹಾಗೆ. ದಾವೆ ನಡೆಯುತ್ತಿರುವಾಗ ಪ್ರತಿವಾದಿಯಿಂದ ಜಮೀನು ಕೊಂಡಿದ್ದರೆ ರೂಲ್ 102 ನಿಮ್ಮ ಬಾಗಿಲು ಮುಚ್ಚುತ್ತದೆ. ಆಸ್ತಿ ವರ್ಗಾವಣೆ ಕಾಯ್ದೆಯ ಕಲಂ 52ರ ಪ್ರಕಾರ, ಕೇಸ್ ನಡೆಯುವಾಗ ಆದ ಮಾರಾಟ ಆ ಕೇಸಿನ ಫಲಕ್ಕೆ ತಲೆಬಾಗಬೇಕು. ಕೇಸ್ ಇದೆ ಎಂದು ನಿಮಗೆ ಗೊತ್ತಿರಲಿಲ್ಲ ಎಂದರೂ ಪ್ರಯೋಜನವಿಲ್ಲ. ದುಡ್ಡು ಕೊಟ್ಟು ರಿಜಿಸ್ಟರ್ ಮಾಡಿಸಿದ್ದೇನೆ ಎಂದರೂ ಇಲ್ಲ. ಸುಪ್ರೀಂ ಕೋರ್ಟ್ 2008ರಲ್ಲಿ (7 ಎಸ್‌ಸಿಸಿ 144; ಎಸ್‌ಸಿಸಿ ಎಂದರೆ ಸುಪ್ರೀಂ ಕೋರ್ಟ್ ತೀರ್ಪುಗಳ ಸಂಪುಟ) ಇದನ್ನು ಬಿಡಿಸಿ ಹೇಳಿದೆ. ಅಂಥವರು ಅಮಲ್ಜಾರಿಗೆ, ಅಂದರೆ ಡಿಕ್ರಿ ಜಾರಿ ಮಾಡುವ ಕೆಲಸಕ್ಕೆ, ಅಡ್ಡ ನಿಲ್ಲುವುದರ ಬದಲು, ಮಾರಿದವರ ಮೇಲೆ ಹಣಕ್ಕಾಗಿ ಕಾನೂನು ಕ್ರಮ ತೆಗೆದುಕೊಳ್ಳುವುದೇ ವಾಸಿ.

ಸೋತ ಪಕ್ಷಗಾರರ ಮನೆಯವರಾಗಿ ಅವರ ಹಕ್ಕಿನ ಮೇಲೆಯೇ ಅಲ್ಲಿರುವವರು, ತೋಟ ನೋಡಿಕೊಳ್ಳಲು ಇಟ್ಟವರು, ದಾವೆ ಶುರುವಾದ ಮೇಲೆ ಗುತ್ತಿಗೆಗೆ ಬಂದವರು, ಇವರಿಗೂ ಸ್ವತಂತ್ರ ಹಕ್ಕು ಸಿಗುವುದು ಕಷ್ಟ. ಸೋತವರ ಮಾತು ಕೇಳಿ ಸುಮ್ನೆ ಅಡ್ಡ ನಿಂತರೆ ಅಪಾಯವೂ ಇದೆ. ಸೋತವರ ಪರವಾಗಿ, ಸರಿಯಾದ ಕಾರಣವಿಲ್ಲದೆ ಅಡ್ಡಿ ಮಾಡಿದ್ದಾರೆ ಎಂದು ಕೋರ್ಟಿಗೆ ಅನ್ನಿಸಿದರೆ ಜಮೀನು ಬಿಡಿಸಿಕೊಡಲು ಆದೇಶ ಮಾಡುತ್ತದೆ. ಅದರ ಮೇಲೂ ಅಡ್ಡ ನಿಂತರೆ ರೂಲ್ 98ರ ಪ್ರಕಾರ 30 ದಿನದವರೆಗೆ ಸಿವಿಲ್ ಜೈಲಿಗೆ ಕಳಿಸಬಹುದು.

ಹಾಗಾದರೆ ಯಾರ ತಕರಾರಿಗೆ ತೂಕವಿದೆ?

ದಾವೆಗೆ ಮೊದಲೇ ನೋಂದಾಯಿತ ಕ್ರಯಪತ್ರದಿಂದ ಕೊಂಡು, ಸ್ವಾಧೀನದಲ್ಲಿದ್ದು, ದಾವೆಯಲ್ಲಿ ಪಕ್ಷಗಾರರಾಗದವರಿಗೆ ಇದೆ. ಜಮೀನು ಬೇರೆಯೇ ಆಗಿದ್ದು ಅಳತೆಯಲ್ಲಿ ಹೆಚ್ಚುಕಡಿಮೆಯಾದವರಿಗೆ ಇದೆ. 1974ರ ಮಾರ್ಚ್ 1ರಿಂದ ಜಾರಿಗೆ ಬಂದ ಭೂ ಸುಧಾರಣಾ ತಿದ್ದುಪಡಿಯಂತೆ ನಮೂನೆ 7ರ ಗೇಣಿ ಅರ್ಜಿ ಹಾಕಿ ಭೂ ನ್ಯಾಯಮಂಡಳಿಯ ಆದೇಶ ಪಡೆದು, ನಮೂನೆ 10ರ ಹಕ್ಕಿನ ಸರ್ಟಿಫಿಕೇಟ್ ಕೈಯಲ್ಲಿರುವ ಕುಟುಂಬಕ್ಕೆ ಇದೆ. ಆ ಸರ್ಟಿಫಿಕೇಟ್ ಎಷ್ಟೋ ಮನೆಗಳಲ್ಲಿ ಟ್ರಂಕಿನ ತಳದಲ್ಲಿ ಮಡಚಿಕೊಂಡು ಬಿದ್ದಿರುತ್ತದೆ. ಅಜ್ಜನ ಕಾಲದ ಕಾಗದ ಎಂದು ಯಾರೂ ಬಿಚ್ಚಿ ನೋಡಿರುವುದಿಲ್ಲ. ದಯವಿಟ್ಟು ಈಗ ನೋಡಿ.

ಹೆಣ್ಣುಮಕ್ಕಳ ವಿಷಯ ಸ್ವಲ್ಪ ಬೇರೆ. ಅಣ್ಣತಮ್ಮಂದಿರು ತಮ್ಮತಮ್ಮಲ್ಲೇ ಪಾಲಿನ ದಾವೆ ನಡೆಸಿ ಡಿಕ್ರಿ ಮಾಡಿಸಿಕೊಳ್ಳುತ್ತಾರೆ, ಅಕ್ಕತಂಗಿಯರ ಹೆಸರೇ ಇರುವುದಿಲ್ಲ. ಕರ್ನಾಟಕ 1994ರಲ್ಲೇ ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಹಕ್ಕು ಕೊಟ್ಟ ರಾಜ್ಯ. 2005ರ ಕೇಂದ್ರ ತಿದ್ದುಪಡಿ ಮತ್ತು ಸುಪ್ರೀಂ ಕೋರ್ಟಿನ 2020ರ ಆಗಸ್ಟ್ 11ರ ತೀರ್ಪಿನ ನಂತರ ಆ ಹಕ್ಕು ಹುಟ್ಟಿನಿಂದಲೇ ಬರುತ್ತದೆ ಎಂಬುದು ಗಟ್ಟಿಯಾಗಿದೆ. 2004ರ ಡಿಸೆಂಬರ್ 20ಕ್ಕೆ ಮೊದಲೇ ರಿಜಿಸ್ಟರ್ ಆದ ಅಥವಾ ಕೋರ್ಟ್ ಡಿಕ್ರಿಯಿಂದ ಪೂರ್ತಿಯಾದ ವಿಭಾಗವನ್ನು, ಆಗಲೇ ಆಗಿಹೋದ ಮಾರಾಟವನ್ನು ಮಾತ್ರ ಕೆದಕಲಾಗದು. ಪಾಲಿನ ದಾವೆಯಲ್ಲಿ ಮೊದಲು ಯಾರಿಗೆ ಎಷ್ಟು ಪಾಲು ಎಂಬ ಪ್ರಾಥಮಿಕ ಡಿಕ್ರಿ ಆಗುತ್ತದೆ, ಆಮೇಲೆ ಎಫ್‌ಡಿಪಿ ಅಂದರೆ ಅಂತಿಮ ಡಿಕ್ರಿಯ ಪ್ರಕ್ರಿಯೆ ನಡೆಯುತ್ತದೆ. ತಂಗಿಗೆ ವಿಷಯ ಗೊತ್ತಾಗುವಾಗ ಎಫ್‌ಡಿಪಿ ಇನ್ನೂ ಬಾಕಿ ಇದ್ದರೆ ಅಮೀನರು ಬರುವವರೆಗೆ ಕಾಯಲೇಬಾರದು. ಆರ್ಡರ್ 1, ರೂಲ್ 10ರಡಿ "ನನ್ನನ್ನೂ ಪಕ್ಷಗಾರಳನ್ನಾಗಿ ಸೇರಿಸಿ" ಎಂದು ಅಲ್ಲೇ ಅರ್ಜಿ ಹಾಕಬೇಕು. ಅಮಲ್ಜಾರಿಯಲ್ಲಿ ಹೊಡೆದಾಡುವುದಕ್ಕಿಂತ ಅದು ಎಷ್ಟೋ ಸಲೀಸು.

ಬರೀ ಅಗ್ರಿಮೆಂಟ್ ಅಥವಾ ಜಿಪಿಎ (ಸಾಮಾನ್ಯ ಅಧಿಕಾರಪತ್ರ) ಇಟ್ಟುಕೊಂಡವರಿಗೆ ಒಂದು ಎಚ್ಚರಿಕೆ. ಜಿಪಿಎ ಮೇಲೆ ಮಾಲೀಕತ್ವ ಬರುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2011ರಲ್ಲೇ ಹೇಳಿಯಾಗಿದೆ. ಸ್ವಾಧೀನ ಕೊಟ್ಟ ಅಗ್ರಿಮೆಂಟ್ ಕೂಡ 2001ರ ನಂತರದ್ದಾದರೆ, ರಿಜಿಸ್ಟರ್ ಆಗದೆ ಆಸ್ತಿ ವರ್ಗಾವಣೆ ಕಾಯ್ದೆಯ ಕಲಂ 53ಎ ರಕ್ಷಣೆ ಕೊಡುವುದಿಲ್ಲ.

ಎರಡನೆಯದು: ವಾರಂಟಿನ ಷೆಡ್ಯೂಲು ಓದಿ, ಅಕ್ಷರ ಬಿಡದೆ ಓದಿ

ಇಲ್ಲಿ ನಿಧಾನ ಮಾಡಿ. ಅಮೀನರ ಕೈಯಲ್ಲಿರುವ ವಾರಂಟಿನ ಕೊನೆಗೆ ಆಸ್ತಿಯ ಷೆಡ್ಯೂಲು ಇರುತ್ತದೆ. ಗ್ರಾಮ, ಹೋಬಳಿ, ಸರ್ವೆ ನಂಬರ್, ವಿಸ್ತೀರ್ಣ, ಚಕ್ಕುಬಂದಿ. ಅದರ ಫೋಟೋ ತೆಗೆದುಕೊಳ್ಳಲು ಕೇಳಿ. ಮೇಲ್ಭಾಗದಲ್ಲಿರುವ ಅಮಲ್ಜಾರಿ ಕೇಸ್ ನಂಬರ್, ಮೂಲ ದಾವೆಯ ಓ.ಎಸ್. ನಂಬರ್, ಕೋರ್ಟಿನ ಹೆಸರು, ಮುಂದಿನ ತಾರೀಕು, ಈ ನಾಲ್ಕನ್ನೂ ಬರೆದುಕೊಳ್ಳಿ.

ಒಂದು ಉದಾಹರಣೆ ತೆಗೆದುಕೊಳ್ಳೋಣ. ಷೆಡ್ಯೂಲಿನಲ್ಲಿ "ಸರ್ವೆ ನಂ. 46/2, 1 ಎಕರೆ 12 ಗುಂಟೆ, ಪೂರ್ವಕ್ಕೆ ಬಂಡಿದಾರಿ, ಪಶ್ಚಿಮಕ್ಕೆ ಹಳ್ಳ, ಉತ್ತರಕ್ಕೆ ಇದೇ ನಂಬರಿನ ಉಳಿಕೆ ಜಮೀನು" ಎಂದಿದೆ. ನಿಮ್ಮ ಕ್ರಯಪತ್ರದಲ್ಲಿ 46/2ರಲ್ಲೇ 30 ಗುಂಟೆ, ದಕ್ಷಿಣಕ್ಕೆ ಇಂಥವರ ಜಮೀನು ಎಂದಿದೆ. ಅಂದರೆ ಡಿಕ್ರಿಯವರ "ಉತ್ತರದ ಉಳಿಕೆ ಜಮೀನು" ನೀವೇ ಆಗಿರಬಹುದು. ಡಿಕ್ರಿ ಸರಿಯಾಗಿಯೇ ಇದೆ, ನಿಮ್ಮ ಹಕ್ಕೂ ಸರಿಯಾಗಿಯೇ ಇದೆ, ನೆಲದ ಮೇಲೆ ಗೆರೆ ಎಲ್ಲಿ ಬೀಳಬೇಕು ಎಂಬುದಷ್ಟೇ ಜಗಳ. ಹೀಗಿದ್ದಾಗ ಹಕ್ಕಿನ ಪುರಾಣ ಬಿಚ್ಚುವ ಬದಲು, ಕೋರ್ಟ್ ಕಮಿಷನರ್ ಆಗಿ ಸರ್ವೆಯರನ್ನು ನೇಮಿಸಿ ಅಳತೆ ಮಾಡಿಸಿ ಎಂದು ಕೇಳುವುದೇ ಸರಿ. ಮೂಲ ಟಿಪ್ಪಣಿ (ಹಳೆಯ ಅಳತೆ ನಕ್ಷೆ), ಪೋಡಿ ನಕ್ಷೆ, ಆಕಾರ್‌ಬಂದ್ (ವಿಸ್ತೀರ್ಣ, ಕಂದಾಯದ ಪಟ್ಟಿ), ಹಿಂದೆ ಹದ್ದುಬಸ್ತು (ಗಡಿ ಗುರುತು) ಮಾಡಿಸಿದ್ದರೆ ಅದರ ನಕ್ಷೆ, ಇವನ್ನು ತಾಲ್ಲೂಕು ಸರ್ವೆ ಕಚೇರಿಯಿಂದ ದೃಢೀಕೃತ ನಕಲಾಗಿ ತೆಗೆಯಿರಿ. ಮೊಬೈಲಿನಲ್ಲಿ, ನಿಂತ ಜಾಗದ ಸರ್ವೆ ನಂಬರ್ ತೋರಿಸುವ ದಿಶಾಂಕ್ ಆ್ಯಪ್ ನೋಡಿದರೆ ಅಂದಾಜು ಸಿಗುತ್ತದೆ, ಆದರೆ ಅದು ಸರ್ವೆಗೆ ಬದಲಿ ಅಲ್ಲ.

ಅದೇ ದಿನ ಇ-ಕೋರ್ಟ್ಸ್ ಜಾಲತಾಣದಲ್ಲಿ ಕೇಸ್ ನಂಬರ್ ಹಾಕಿ ನೋಡಿ. ದಾವೆ ಯಾವತ್ತು ಹೂಡಿದ್ದು, ಯಾರ್ಯಾರು ಪಕ್ಷಗಾರರು ಎಂದು ತಿಳಿಯುತ್ತದೆ. ಆ ತಾರೀಕನ್ನು ನಿಮ್ಮ ಕ್ರಯಪತ್ರದ ತಾರೀಕಿನ ಪಕ್ಕ ಇಟ್ಟು ನೋಡಿ. ಮುಕ್ಕಾಲು ಉತ್ತರ ಅಲ್ಲೇ ಸಿಗುತ್ತದೆ. ಆಮೇಲೆ ತೀರ್ಪು, ಡಿಕ್ರಿ, ಪ್ಲೇಂಟ್ (ವಾದಿ ಹಾಕಿದ ದಾವೆ ಪತ್ರ), ಅಮಲ್ಜಾರಿ ಅರ್ಜಿ ಇವುಗಳ ದೃಢೀಕೃತ ನಕಲಿಗೆ ಅರ್ಜಿ ಹಾಕಿ. ಪಕ್ಷಗಾರರಲ್ಲದವರೂ ಕಾರಣ ತೋರಿಸಿ ನಕಲು ಪಡೆಯಬಹುದು.

ಅಮೀನರು ಬಂದ ದಿನ

ಜಗಳ ಬೇಡ. ಕೈ ಎತ್ತುವುದಂತೂ ಬೇಡವೇ ಬೇಡ. ಅಮೀನರು ಸರ್ಕಾರಿ ನೌಕರರು, ಕೋರ್ಟಿನ ಆದೇಶ ಹಿಡಿದು ಬಂದಿರುತ್ತಾರೆ. ತಳ್ಳಾಟವಾದರೆ ಭಾರತೀಯ ನ್ಯಾಯ ಸಂಹಿತೆಯ ಕಲಂ 132, 221ರಂಥ ಕ್ರಿಮಿನಲ್ ಕೇಸ್ ಮೈಮೇಲೆ ಬರುತ್ತದೆ. ಸಿವಿಲ್ ಹಕ್ಕು ಗಟ್ಟಿಯಿದ್ದವರೂ ಠಾಣೆ ಅಲೆಯುವ ಪರಿಸ್ಥಿತಿಗೆ ಬೀಳುತ್ತಾರೆ. ಹಿರಿಯರು ಯಾರಾದರೂ ಮುಂದೆ ನಿಂತು ಮಾತಾಡಲಿ, ಬಿಸಿ ತಲೆಯ ಹುಡುಗರು ಹಿಂದೆ ಇರಲಿ.

ಹಾಗೆಂದು ಸುಮ್ಮನೆ ಪಕ್ಕಕ್ಕೆ ಸರಿದು ಬೀಗದ ಕೈ ಕೊಟ್ಟುಬಿಡಲೂಬೇಡಿ. ಬಾಯಿಮಾತಿನಲ್ಲೂ ಬರಹದಲ್ಲೂ ಅಡ್ಡಿ ಹೇಳಬೇಕು. ಒಂದು ಹಾಳೆಯಲ್ಲಿ ಹೀಗೆ ಬರೆಯಿರಿ: "ನಾನು ಈ ದಾವೆಯ ಪಕ್ಷಗಾರನಲ್ಲ. ಈ ಜಮೀನು ಇಂಥ ತಾರೀಕಿನ ಕ್ರಯಪತ್ರದಂತೆ ನನ್ನ ಸ್ವಂತ ಸ್ವಾಧೀನದಲ್ಲಿದೆ. ಡಿಕ್ರಿ ನನಗೆ ಬದ್ಧವಲ್ಲ. ಕೋರ್ಟ್ ವಿಚಾರಣೆ ಮಾಡಿ ತೀರ್ಮಾನಿಸುವವರೆಗೆ ಸ್ವಾಧೀನ ಬಿಡಲು ನನ್ನ ಆಕ್ಷೇಪಣೆ ಇದೆ." ಸಹಿ, ತಾರೀಕು, ಸಮಯ ಹಾಕಿ. ಕ್ರಯಪತ್ರ, ಪಹಣಿಯ ಜೆರಾಕ್ಸ್ ಜೊತೆಗಿಟ್ಟು ಅಮೀನರಿಗೆ ಕೊಡಿ. ಇನ್ನೊಂದು ಪ್ರತಿಯ ಮೇಲೆ ಸ್ವೀಕೃತಿ ಕೇಳಿ. ಕೊಡದಿದ್ದರೆ ಕೊಟ್ಟಿದ್ದನ್ನು ಇಬ್ಬರು ಊರವರ ಮುಂದೆ ಫೋಟೋ ತೆಗೆಯಿರಿ.

ಅಮೀನರು ಮಹಜರು ಬರೆಯುತ್ತಾರೆ. ಪಂಚರ ಸಹಿ ಹಾಕಿಸುತ್ತಾರೆ. ಅದರಲ್ಲಿ ಏನು ಬರೆಯುತ್ತಿದ್ದಾರೆ ಎಂಬುದರ ಮೇಲೆ ನಿಮ್ಮ ಕಣ್ಣಿರಬೇಕು. "ಸ್ವಾಧೀನ ಬಿಡಿಸಿಕೊಡಲಾಯಿತು" ಎಂದು ಬರೆದಿದ್ದಾರೋ, "ಇಂಥವರು ಅಡ್ಡಿ ಮಾಡಿದ್ದರಿಂದ ವಾರಂಟ್ ಅಮಲಾಗಲಿಲ್ಲ" ಎಂದು ಬರೆದಿದ್ದಾರೋ? ಎರಡಕ್ಕೂ ಮುಂದಿನ ದಾರಿ ಬೇರೆ ಬೇರೆ. ಎಷ್ಟೋ ಕೇಸುಗಳಲ್ಲಿ ಜಮೀನಿನಲ್ಲಿ ರಾಗಿ ಬೆಳೆ ಹಾಗೆಯೇ ನಿಂತಿರುತ್ತದೆ, ಉಳುವವರೂ ಅವರೇ ಇರುತ್ತಾರೆ, ಮಹಜರಿನಲ್ಲಿ ಮಾತ್ರ ಸ್ವಾಧೀನ ಹೋಗಿಬಿಟ್ಟಿರುತ್ತದೆ. ಓದದೆ ಸಹಿ ಹಾಕಬೇಡಿ. ನಿಂತ ಬೆಳೆ, ಬೋರ್‌ವೆಲ್, ಕರೆಂಟ್ ಮೀಟರ್, ಮನೆ ಇದ್ದರೆ ಅವನ್ನು ಮಹಜರಿನಲ್ಲಿ ಸೇರಿಸಲು ಕೇಳಿ.

ಜಮೀನು ಬಾಡಿಗೆದಾರರ ಕೈಯಲ್ಲೋ ಅಥವಾ ಡಿಕ್ರಿಗೆ ಬದ್ಧರಲ್ಲದ, ಅಲ್ಲಿರಲು ಹಕ್ಕಿರುವ ಇನ್ನೊಬ್ಬರ ಕೈಯಲ್ಲೋ ಇದ್ದರೆ ರೂಲ್ 36 ಇದೆ. ಆಗ ವಾರಂಟಿನ ನಕಲನ್ನು ಜಾಗದಲ್ಲಿ ಅಂಟಿಸಿ, ಡಂಗುರ ಸಾರಿ, ಕಾಗದದ ಮೇಲಷ್ಟೇ ಸ್ವಾಧೀನ ಕೊಡುತ್ತಾರೆ. ಇದ್ದವರನ್ನು ಎಬ್ಬಿಸುವಂತಿಲ್ಲ.

ಅರ್ಜಿ ಎಲ್ಲಿ, ಯಾವಾಗ

ಅಮಲ್ಜಾರಿ ನಡೆಯುತ್ತಿರುವ ಅದೇ ಕೋರ್ಟಿನಲ್ಲಿ. ಬೇರೆ ಎಲ್ಲೂ ಅಲ್ಲ.

ಜನ ಸಾಮಾನ್ಯವಾಗಿ ಓಡುವುದು ಹೊಸ ಇಂಜಂಕ್ಷನ್ ದಾವೆ ಹಾಕಿ ತಡೆಯಾಜ್ಞೆ ತರಲು. 1976ರ ತಿದ್ದುಪಡಿಗೆ ಮೊದಲು ಬೇರೆ ದಾವೆ ಹೂಡುವ ಪದ್ಧತಿ ಇತ್ತು. ಆ ತಿದ್ದುಪಡಿ 1977ರ ಫೆಬ್ರವರಿ 1ರಂದು ಜಾರಿಗೆ ಬಂದ ಮೇಲೆ ರೂಲ್ 101 ಎಲ್ಲವನ್ನೂ ಬದಲಿಸಿತು. ಹಕ್ಕು, ಮಾಲೀಕತ್ವ, ಸ್ವಾಧೀನ, ಈ ತಕರಾರಿಗೆ ಸಂಬಂಧಿಸಿದ ಎಲ್ಲ ಪ್ರಶ್ನೆಗಳನ್ನೂ ಅಮಲ್ಜಾರಿ ಕೋರ್ಟೇ ತೀರ್ಮಾನಿಸಬೇಕು, ಪ್ರತ್ಯೇಕ ದಾವೆಯಲ್ಲಿ ಅಲ್ಲ. ಹೊಸ ದಾವೆ ಹಾಕಿ ಅದರ ಹಿಂದೆ ಅಲೆಯುವಷ್ಟರಲ್ಲಿ ಇಲ್ಲಿ ಅವಧಿ ಮುಗಿದುಹೋಗುತ್ತದೆ. ರೂಲ್ 29ರ ತಡೆ ಕೂಡ ಡಿಕ್ರಿದಾರ ಮತ್ತು ಸೋತವರ ನಡುವಿನ ದಾವೆಗೆ ಮಾತ್ರ, ಮೂರನೆಯವರಿಗೆ ಅಲ್ಲ.

ಯಾವಾಗ ಎಂಬುದಕ್ಕೆ ಎರಡು ಉತ್ತರ ಇವೆ.

ಸ್ವಾಧೀನ ಇನ್ನೂ ನಿಮ್ಮ ಕೈಯಲ್ಲೇ ಇದ್ದರೆ ರೂಲ್ 97. ಕಾಯ್ದೆಯ ಮಾತಿನಲ್ಲಿ ಇದು ಡಿಕ್ರಿದಾರರು ಹಾಕುವ ಅರ್ಜಿ: "ನನಗೆ ಇಂಥವರು ಅಡ್ಡಿ ಮಾಡಿದರು, ಅಡ್ಡಿ ತೆಗೆಸಿ" ಎಂದು. ಆದರೆ ಸ್ವಾಧೀನ ಕಳೆದುಕೊಂಡ ಮೇಲೆಯೇ ಮೂರನೆಯವರು ಬರಬೇಕು ಎಂಬ ವಾದವನ್ನು ಸುಪ್ರೀಂ ಕೋರ್ಟ್ 1997ರಲ್ಲಿ (3 ಎಸ್‌ಸಿಸಿ 694) ಒಪ್ಪಲಿಲ್ಲ. ಒಕ್ಕಲೆಬ್ಬಿಸುವ ಮೊದಲೇ ತಕರಾರು ಎತ್ತಬಹುದು, ಕೋರ್ಟ್ ಅದನ್ನು ಮೊದಲು ತೀರ್ಮಾನಿಸಬೇಕು. 1998ರ ಎರಡು ತೀರ್ಪುಗಳಲ್ಲೂ (3 ಎಸ್‌ಸಿಸಿ 723, 4 ಎಸ್‌ಸಿಸಿ 543) ಇದೇ ದಾರಿ ಮುಂದುವರಿಯಿತು. ಈ ನಂಬರ್‌ಗಳನ್ನು ನಿಮ್ಮ ವಕೀಲರಿಗೆ ಕೊಡಿ. "ನಿಮಗೆ ಈಗಲೇ ಅರ್ಜಿ ಹಾಕುವ ಹಕ್ಕಿಲ್ಲ" ಎಂದು ಎದುರು ಪಕ್ಷ ಎದ್ದಾಗ ಬೇಕಾಗುತ್ತವೆ.

ಸ್ವಾಧೀನ ಹೋಗಿಬಿಟ್ಟಿದ್ದರೆ ರೂಲ್ 99. ಒಕ್ಕಲೆಬ್ಬಿಸಿದ ದಿನದಿಂದ 30 ದಿನ. ಲಿಮಿಟೇಷನ್ ಕಾಯ್ದೆಯ ಅನುಚ್ಛೇದ 128 ಹೇಳುವುದು ಇದನ್ನೇ. ಇನ್ನೊಂದು ವಿಷಯ ಬಹಳ ಜನರಿಗೆ ತಿಳಿದಿರುವುದಿಲ್ಲ. ಬೇರೆ ಅರ್ಜಿಗಳಲ್ಲಿ ತಡವಾದರೆ ಕಲಂ 5ರಡಿ "ವಿಳಂಬ ಮನ್ನಿಸಿ" ಎಂದು ಕೇಳಬಹುದು. ಆ ಕಲಂ 5, ಆರ್ಡರ್ 21ರ ಅರ್ಜಿಗಳನ್ನು ಹೊರಗಿಟ್ಟಿದೆ. ಆಸ್ಪತ್ರೆಯಲ್ಲಿದ್ದೆ, ಊರಲ್ಲಿರಲಿಲ್ಲ, ವಕೀಲರು ಸಿಗಲಿಲ್ಲ, ಈ ಕಾರಣಗಳು ನಿಜವಾಗಿದ್ದರೂ ಕೋರ್ಟಿನ ಕೈ ಕಟ್ಟಿರುತ್ತದೆ. ಕೊನೆಯ ದಿನ ಕೋರ್ಟಿಗೆ ರಜೆ ಇದ್ದರೆ ಮತ್ತೆ ತೆರೆದ ದಿನ ಹಾಕಬಹುದು, ಅಷ್ಟೇ. ಜಮೀನು ಊರಲ್ಲಿದ್ದು ನೀವು ಬೆಂಗಳೂರಿನಲ್ಲೋ ದುಬೈನಲ್ಲೋ ಇದ್ದರೆ ಈ ಅವಧಿ ಗೊತ್ತಾಗದೆಯೇ ಕಳೆದುಹೋಗುತ್ತದೆ. ಊರಲ್ಲಿ ನಂಬಿಕಸ್ತರಿಗೆ ಅಧಿಕಾರಪತ್ರ ಕೊಟ್ಟು, ವರ್ಷಕ್ಕೊಮ್ಮೆಯಾದರೂ ಪಹಣಿ, ಇಸಿ (ಋಣಭಾರ ಪ್ರಮಾಣಪತ್ರ) ತೆಗೆದು ನೋಡುತ್ತಿರಿ.

ಅರ್ಜಿಯಲ್ಲಿ ಏನಿರಬೇಕು

ವಕೀಲರೇ ಬರೆಯುತ್ತಾರೆ, ಆದರೆ ವಿಷಯ ಕೊಡಬೇಕಾದವರು ನೀವು. ಅಫಿಡವಿಟ್ ಚಿಕ್ಕದಾಗಿರಲಿ. ಜಮೀನಿನ ಪೂರ್ತಿ ವಿವರ ಮತ್ತು ಚಕ್ಕುಬಂದಿ, ಹಕ್ಕು ಬಂದ ದಾರಿ ತಾರೀಕು ಸಮೇತ, ಸ್ವಾಧೀನ ಯಾವಾಗಿನಿಂದ, ದಾವೆಯಲ್ಲಿ ಏಕೆ ಪಕ್ಷಗಾರರಾಗಿರಲಿಲ್ಲ, ಕೇಸಿನ ವಿಷಯ ಮೊದಲು ತಿಳಿದದ್ದು ಯಾವತ್ತು ಮತ್ತು ಹೇಗೆ. ಕೊನೆಯ ಅಂಶವನ್ನು ಹಲವರು ಬಿಡುತ್ತಾರೆ. ನ್ಯಾಯಾಧೀಶರು ಮೊದಲು ಹುಡುಕುವುದೇ ಅದನ್ನು. "ಇಷ್ಟು ವರ್ಷ ಪಕ್ಕದಲ್ಲೇ ಇದ್ದೂ ಇವರಿಗೆ ಗೊತ್ತಿರಲಿಲ್ಲವೇ?" ಎಂಬ ಅನುಮಾನಕ್ಕೆ ಅಲ್ಲೇ ಉತ್ತರ ಸಿಗಬೇಕು.

ಅರ್ಜಿ ಹಾಕಿದ ಮಾತ್ರಕ್ಕೆ ವಾರಂಟ್ ತಾನಾಗಿ ನಿಲ್ಲುವುದಿಲ್ಲ. ಜೊತೆಗೇ ಸಿಪಿಸಿಯ ಕಲಂ 151ರಡಿ ಇನ್ನೊಂದು ಐ.ಎ. (ಮಧ್ಯಂತರ ಅರ್ಜಿ) ಹಾಕಿ, ತಕರಾರು ತೀರ್ಮಾನವಾಗುವವರೆಗೆ ಡಿಲಿವರಿ ವಾರಂಟ್ ತಡೆಹಿಡಿಯಲು ಕೇಳಬೇಕು. ತುರ್ತು ಇದ್ದರೆ ಅದೇ ದಿನ ಕೋರ್ಟಿನ ಮುಂದೆ ತರಬೇಕು. ಎದುರು ಪಕ್ಷ ಪೊಲೀಸ್ ರಕ್ಷಣೆಗೆ ಅರ್ಜಿ ಹಾಕಿದೆಯೇ ಎಂದೂ ನೋಡಿಕೊಳ್ಳಿ. ಡಿಕ್ರಿದಾರರು, ಸೋತವರು ಇಬ್ಬರನ್ನೂ ಎದುರುದಾರರನ್ನಾಗಿ ಮಾಡಿ.

ವಿಚಾರಣೆ ಮತ್ತು ಸಾಕ್ಷಿ

ಮೂರನೆಯವರು ಬಂದರು ಎಂದ ಮಾತ್ರಕ್ಕೆ ಕೋರ್ಟ್ ವರ್ಷಗಟ್ಟಲೆ ವಿಚಾರಣೆ ನಡೆಸಬೇಕೆಂದಿಲ್ಲ. ಅರ್ಜಿ ಓದಿದಾಗಲೇ ಹುರುಳಿಲ್ಲ ಎಂದು ಕಂಡರೆ ಅಲ್ಲೇ ವಜಾ ಮಾಡಬಹುದು. ಸಾಕ್ಷಿ ಬೇಕು ಎನ್ನಿಸಿದರೆ ತೀರ್ಮಾನಿಸಬೇಕಾದ ಬಿಂದುಗಳನ್ನು ರೂಪಿಸಿ, ನಿಮ್ಮ ಮತ್ತು ಎದುರು ಪಕ್ಷದವರ ಪಾಟೀಸವಾಲು ನಡೆಸುತ್ತದೆ. ಅಂದರೆ ಮೊದಲ ದಿನವೇ ದಾಖಲೆ ಪೂರ್ತಿ ಇರಬೇಕು. "ಆಮೇಲೆ ತರುತ್ತೇನೆ" ಎಂದರೆ ಅರ್ಜಿಯೇ ನಿಲ್ಲದೆ ಹೋಗಬಹುದು.

ಕ್ರಯಪತ್ರ, ಅದರ ಹಿಂದಿನ ಪತ್ರಗಳು, ನೋಂದಣಿ ಇಲಾಖೆಯ ಕಾವೇರಿ ಜಾಲತಾಣದಿಂದ ತೆಗೆದ ಇಸಿ, ಮ್ಯುಟೇಷನ್ ರಿಜಿಸ್ಟರಿನ (ಎಂ.ಆರ್.) ನಕಲು, ವರ್ಷ ವರ್ಷದ ಪಹಣಿ. ಪಹಣಿಯಲ್ಲಿ 9ನೇ ಕಲಂನಲ್ಲಿ ಮಾಲೀಕರ ಹೆಸರಿರುತ್ತದೆ, 12ನೇ ಕಲಂನಲ್ಲಿ ಸಾಗುವಳಿ ಮಾಡುವವರ ಹೆಸರಿರುತ್ತದೆ. ನಿಮ್ಮದು ಸ್ವಾಧೀನದ ವಾದವಾದರೆ ಆ 12ನೇ ಕಲಂ ಮುಖ್ಯ. ಕರ್ನಾಟಕ ಭೂ ಕಂದಾಯ ಕಾಯ್ದೆಯ ಕಲಂ 133ರ ಪ್ರಕಾರ, ಸುಳ್ಳು ಎಂದು ಸಾಬೀತಾಗುವವರೆಗೆ ಪಹಣಿಯ ನಮೂದನ್ನು ನಿಜವೆಂದೇ ಹಿಡಿಯಬೇಕು. ಆದರೆ ಪಹಣಿಯಿಂದ ಮಾಲೀಕತ್ವ ಹುಟ್ಟುವುದಿಲ್ಲ, ಅದು ಕ್ರಯಪತ್ರದಂಥ ದಾಖಲೆಗೆ ಆಸರೆ. ಇವುಗಳ ಜೊತೆ ಕರೆಂಟ್ ಬಿಲ್, ಸೊಸೈಟಿಯ ಬೆಳೆಸಾಲದ ಕಾಗದ, ಬೆಳೆ ವಿಮೆಯ ರಸೀದಿ, ಕಂದಾಯ ಕಟ್ಟಿದ ರಸೀದಿ ಸೇರಿಸಿ. ಇಂಥ ಚಿಕ್ಕ ಕಾಗದಗಳು ಜಗಳ ಶುರುವಾಗುವ ಮೊದಲೇ ಹುಟ್ಟಿರುವುದರಿಂದ ಕೋರ್ಟಿಗೆ ಅವುಗಳ ಮೇಲೆ ನಂಬಿಕೆ ಜಾಸ್ತಿ.

ಗೇಣಿ ಹಕ್ಕಿನ ಪ್ರಶ್ನೆ ಎದ್ದರೆ ಸಿವಿಲ್ ಕೋರ್ಟ್ ಅದನ್ನು ತಾನೇ ತೀರ್ಮಾನಿಸುವಂತಿಲ್ಲ. ಭೂ ಸುಧಾರಣಾ ಕಾಯ್ದೆಯ ಕಲಂ 132, 133 ಆ ಪ್ರಶ್ನೆಯನ್ನು ಭೂ ನ್ಯಾಯಮಂಡಳಿಗೆ ಬಿಟ್ಟಿವೆ. ನಿಮ್ಮ ಕೈಯಲ್ಲಿ ಮಂಡಳಿಯ ಹಳೆಯ ಆದೇಶ ಇದ್ದರೆ ಅದರ ದೃಢೀಕೃತ ನಕಲೇ ನಿಮ್ಮ ದೊಡ್ಡ ಬಲ.

ಮನೆಯಲ್ಲೇ ಮಾಡಿಕೊಂಡ ಪಾಲುಪಾರಿಕತ್ತು, ಬಿಳಿ ಹಾಳೆಯ ಅಗ್ರಿಮೆಂಟ್ ಇದ್ದರೆ ಮುದ್ರಾಂಕ ಶುಲ್ಕದ ಮಾತು ಬರುತ್ತದೆ. ಕರ್ನಾಟಕ ಸ್ಟ್ಯಾಂಪ್ ಕಾಯ್ದೆಯ ಕಲಂ 34ರಂತೆ ಶುಲ್ಕ ಕಡಿಮೆಯಾದ ಪತ್ರವನ್ನು ಸಾಕ್ಷ್ಯವಾಗಿ ಗುರುತು ಮಾಡಲು ಕೊರತೆ ಹಣದ ಜೊತೆ ಹತ್ತುಪಟ್ಟು ದಂಡ ಕಟ್ಟಬೇಕಾಗಬಹುದು. ಅಂಥ ಪತ್ರ ಹಾಜರುಪಡಿಸುವ ಮೊದಲೇ ವಕೀಲರ ಹತ್ತಿರ ಲೆಕ್ಕ ಹಾಕಿಸಿ.

ಮೊಬೈಲ್ ಫೋಟೋ, ವಿಡಿಯೋಗಳನ್ನು ಸಾಕ್ಷಿಯಾಗಿ ಕೊಡುವುದಾದರೆ ಭಾರತೀಯ ಸಾಕ್ಷ್ಯ ಅಧಿನಿಯಮದ ಕಲಂ 63ರ ಪ್ರಮಾಣಪತ್ರ ಲಗತ್ತಿಸಬೇಕು. ಫೋಟೋ ತೆಗೆದ ಫೋನನ್ನು ಮಾರಬೇಡಿ, ಫಾರ್ಮ್ಯಾಟ್ ಮಾಡಬೇಡಿ.

ತಾರೀಕಿಗೆ ತಪ್ಪದೆ ಹಾಜರಾಗಿ. ಗೈರಾದರೆ ರೂಲ್ 105ರಡಿ ಅರ್ಜಿ ವಜಾ ಆಗುತ್ತದೆ. ಅದನ್ನು ಮತ್ತೆ ಎಬ್ಬಿಸಲು ರೂಲ್ 106ರಲ್ಲಿ ಸಿಗುವುದು ಇನ್ನೊಂದು 30 ದಿನ ಮಾತ್ರ.

ಆದೇಶ ಬಂದ ಮೇಲೆ

ತಕರಾರಿನ ಮೇಲಿನ ಆದೇಶಕ್ಕೆ ಡಿಕ್ರಿಯ ಬಲ ಇದೆ, ರೂಲ್ 103. ಹಾಗಾಗಿ ಗೆದ್ದರೆ ಅದು ಗಟ್ಟಿ ಕಾಗದ. ಸೋತರೆ ರಿಟ್ ಅರ್ಜಿಯ ಹಿಂದೆ ಓಡದೆ ಅಪೀಲು ಹಾಕಬೇಕು. ಮೇಲಿನ ಕೋರ್ಟ್ ಜಿಲ್ಲಾ ಮಟ್ಟದ್ದಾದರೆ 30 ದಿನ, ಹೈಕೋರ್ಟಾದರೆ 90 ದಿನ. ನಕಲು ಪಡೆಯಲು ಹಿಡಿದ ದಿನಗಳು ಇದರಲ್ಲಿ ಸೇರುವುದಿಲ್ಲ. ಆದ್ದರಿಂದ ಆದೇಶ ಬಂದ ದಿನವೇ ನಕಲಿಗೆ ಅರ್ಜಿ ಹಾಕಿ. ಅಪೀಲಿನ ಜೊತೆ ತಡೆಯಾಜ್ಞೆ ಅರ್ಜಿಯೂ ಇರಲಿ. ಅಪೀಲು ಹಾಕುವಷ್ಟು ದಿನ ವಾರಂಟ್ ನಿಲ್ಲಿಸಿ ಎಂದು ಅದೇ ಕೋರ್ಟನ್ನು ಅಂದೇ ಕೇಳಿದರೆ ಒಳ್ಳೆಯದು.

ಸಾಲದ ಡಿಕ್ರಿಯಲ್ಲಿ ಜಮೀನು ಜಪ್ತಿಯಾದರೆ

ಇದು ಬೇರೆ ದಾರಿ. ಯಾರದೋ ಸಾಲಕ್ಕೆ ನಿಮ್ಮ ಜಮೀನು ಜಪ್ತಿಯಾಗಿದ್ದರೆ ರೂಲ್ 58ರಡಿ ಕ್ಲೇಮ್ ಅರ್ಜಿ ಹಾಕಬೇಕು, ಅದೂ ಹರಾಜಿಗೆ ಮೊದಲು. ಹರಾಜು ಮುಗಿದ ಮೇಲೆ, ಅಥವಾ ಬೇಕೆಂದೇ ತಡಮಾಡಿ ಬಂದರೆ, ಕೋರ್ಟ್ ಅರ್ಜಿಯನ್ನೇ ತೆಗೆದುಕೊಳ್ಳುವುದಿಲ್ಲ. ಜಪ್ತಿ ನೋಟಿಸ್ ಚಾವಡಿಯಲ್ಲೋ ಜಮೀನಿನಲ್ಲೋ ಅಂಟಿಸಿದ್ದು ಕಂಡ ದಿನವೇ ಕೆಲಸ ಶುರು ಮಾಡಿ.

ಗೆದ್ದವರಿಗೂ ನಾಲ್ಕು ಮಾತು

ಡಿಕ್ರಿ ಕೈಯಲ್ಲಿದ್ದೂ ಜಮೀನು ಸಿಗದೆ ಸವೆದುಹೋದ ಹಿರಿಯರು ನಮ್ಮ ನಡುವೆ ಬೇಕಾದಷ್ಟಿದ್ದಾರೆ. ಅವರ ಸಂಕಟವೂ ಸಣ್ಣದಲ್ಲ. 2025ರಲ್ಲಿ ಸುಪ್ರೀಂ ಕೋರ್ಟ್ ದೇಶದ ಹೈಕೋರ್ಟ್‌ಗಳಿಂದ ಲೆಕ್ಕ ತರಿಸಿದಾಗ ಬಾಕಿ ಇದ್ದ ಅಮಲ್ಜಾರಿ ಅರ್ಜಿಗಳು 8.8 ಲಕ್ಷಕ್ಕೂ ಹೆಚ್ಚು. ಸುಳ್ಳು ತಕರಾರುಗಳು ಇದಕ್ಕೆ ಒಂದು ಕಾರಣ ಎಂಬುದರಲ್ಲಿ ಅನುಮಾನವಿಲ್ಲ. ಸೋತವರೇ ಹಿಂದೆ ನಿಂತು ಸಂಬಂಧಿಕರನ್ನು ಒಬ್ಬರ ಮೇಲೊಬ್ಬರಂತೆ ಮುಂದೆ ತಳ್ಳುವುದುಂಟು.

ಅಡ್ಡಿಯಾದ ದಿನದಿಂದ 30 ದಿನದೊಳಗೆ ರೂಲ್ 97ರ ಅರ್ಜಿ ಹಾಕಿ, ಅನುಚ್ಛೇದ 129ರ ಅವಧಿ ಅದೇ. ಡಿಕ್ರಿ ಅಮಲ್ಜಾರಿಗೆ 12 ವರ್ಷ ಇದೆ ಎಂದು ನಿಶ್ಚಿಂತೆಯಾಗಿ ಕೂರಬೇಡಿ. ಬೆಂಗಳೂರಿನ ಜಮೀನಿನ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್ 2021ರ ಏಪ್ರಿಲ್ 22ರಂದು (6 ಎಸ್‌ಸಿಸಿ 418) ಕೊಟ್ಟ ನಿರ್ದೇಶನಗಳು ನಿಮಗೆ ಆಸರೆ: ಅಮಲ್ಜಾರಿ ಅರ್ಜಿ ಆರು ತಿಂಗಳಲ್ಲಿ ಮುಗಿಯಬೇಕು, ಮೂರನೆಯವರು ಬಂದಾಗಲೆಲ್ಲ ಯಾಂತ್ರಿಕವಾಗಿ ನೋಟಿಸ್ ಕೊಡಬಾರದು, ದುರುದ್ದೇಶದ ತಕರಾರಿಗೆ ಖರ್ಚು ಹೇರಬೇಕು. ಅದೇ ತೀರ್ಪು ಇನ್ನೊಂದು ದಾರಿಯನ್ನೂ ತೋರಿಸಿದೆ. ಮೂಲ ದಾವೆಯಲ್ಲೇ ಕಮಿಷನರ್ ಕಳಿಸಿ ಜಮೀನಿನ ಸ್ಥಿತಿ ದಾಖಲಿಸಬೇಕು. ಯಾರ್ಯಾರ ಹಕ್ಕು ಇದೆ ಎಂದು ಕೇಳಿ, ಬೇಕಾದವರನ್ನು ಆಗಲೇ ಪಕ್ಷಗಾರರನ್ನಾಗಿ ಸೇರಿಸಬೇಕು. ದಾವೆ ಹೂಡುವ ದಿನ ಜಮೀನಿನಲ್ಲಿ ಯಾರು ಉಳುತ್ತಿದ್ದಾರೆ ಎಂದು ಕಣ್ಣಾರೆ ನೋಡಿ, ಅವರನ್ನೆಲ್ಲ ಪ್ರತಿವಾದಿಗಳನ್ನಾಗಿ ಮಾಡಿದವರಿಗೆ ಕೊನೆಯಲ್ಲಿ ಈ ತೊಂದರೆ ಬಹಳ ಕಡಿಮೆ.

ವಕೀಲರಿಗೆ ಹಣವಿಲ್ಲದಿದ್ದರೆ

ಪ್ರತಿ ತಾಲ್ಲೂಕು ಕೋರ್ಟ್ ಆವರಣದಲ್ಲೂ ತಾಲ್ಲೂಕು ಕಾನೂನು ಸೇವಾ ಸಮಿತಿ ಇದೆ. 1987ರ ಕಾನೂನು ಸೇವೆಗಳ ಪ್ರಾಧಿಕಾರಗಳ ಕಾಯ್ದೆಯ ಕಲಂ 12ರಂತೆ ಹೆಣ್ಣುಮಕ್ಕಳಿಗೆ, ಪರಿಶಿಷ್ಟ ಜಾತಿ ಮತ್ತು ಪಂಗಡದವರಿಗೆ ಆದಾಯ ಎಷ್ಟೇ ಇದ್ದರೂ ಉಚಿತ ವಕೀಲರು ಸಿಗುತ್ತಾರೆ. ಆ ಕಲಂನ ಪಟ್ಟಿಯಲ್ಲಿರುವ ಬೇರೆ ಕೆಲವು ವರ್ಗದವರಿಗೂ ಹಾಗೆಯೇ, ಪಟ್ಟಿಯಲ್ಲಿಲ್ಲದವರಿಗೆ ಆದಾಯದ ಮಿತಿ ಇದೆ. ಸಹಾಯವಾಣಿ 15100. ಅಲ್ಲಿಗೆ ಹೋಗುವಾಗ ವಾರಂಟಿನ ಫೋಟೋ, ಕ್ರಯಪತ್ರ, ಪಹಣಿ, ಆಧಾರ್ ಜೊತೆಗಿರಲಿ. ಅಮೀನರು ಬಂದ ತಾರೀಕನ್ನು ಮೊದಲ ಮಾತಿನಲ್ಲೇ ಹೇಳಿ. ಆ 30 ದಿನದಲ್ಲಿ ಎಷ್ಟು ಉಳಿದಿದೆ ಎಂಬುದರ ಮೇಲೆ ಅವರ ಮುಂದಿನ ಕೆಲಸವೆಲ್ಲ ನಿಂತಿರುತ್ತದೆ.